ಬಾಯಲ್ಲಿ ಮೊಳೆಯಿದ್ದ ಕಾಲ

ಆ ಊರಿನ ಆಕಾಶ ಸ್ವಲ್ಪ ತಗ್ಗು. ಬೇರೆ ಊರುಗಳಲ್ಲಿ ಗಾಳಿಪಟ ಬಿಟ್ಟರೆ ದಾರ ಮುಗಿಯುತ್ತದೆ. ಇಲ್ಲಿ ದಾರ ಇನ್ನೂ ಕೈಯಲ್ಲಿರುವಾಗಲೇ ಆಕಾಶ ಮುಗಿಯುತ್ತದೆ. ಅಷ್ಟು ತಗ್ಗಿರುವುದರಿಂದಲೇ ಇರಬೇಕು, ಕೆಳಗಿನವರು ಆಡಿದ್ದನ್ನೆಲ್ಲ ಅದು ಕೇಳಿಸಿಕೊಳ್ಳುತ್ತದೆ. ಕೇಳಿಸಿಕೊಂಡು ಸುಮ್ಮನಿದ್ದಿದ್ದರೆ ದೊಡ್ಡವರ ಲಕ್ಷಣ ಅನ್ನಬಹುದಿತ್ತು. ಇದು ಹಾಗಲ್ಲ. ಮೂವತ್ತು ವರ್ಷ ಹೊಟ್ಟೆಯಲ್ಲಿಟ್ಟುಕೊಂಡು, ಆಮೇಲೊಂದು ದಿನ, ಆಡಿದ ಜಾಗಕ್ಕೇ, ಆಡಿದ ಹೊತ್ತಿಗೇ, ಆಡಿದವರ ಧ್ವನಿಯಲ್ಲೇ ಕೆಳಗೆ ಬಿಡುತ್ತದೆ. ದಿನದ ವಿಷಯದಲ್ಲಿ ಮಾತ್ರ ಟಪಾಲಿನವನ ಹಾಗೆ: ಒಂದು ವಾರ ಹಿಂದೆ ಮುಂದೆ. ಸಾಲು ತಪ್ಪುವುದಿಲ್ಲ. ಸೋಮವಾರದ ಮಾತು ಬಿದ್ದ ಮೇಲೇ ಮಂಗಳವಾರದ್ದು.

ಯಾಕೆ ಹೀಗೆ ಎಂದು ಪರಊರಿನವರು ಕೇಳಿದರೆ, "ನಿಮ್ಮೂರಿನ ಆಕಾಶ ಯಾಕೆ ಮೂಕ ಆಯ್ತು?" ಎಂದು ತಿರುಗಿ ಕೇಳುವುದು ಅಲ್ಲಿನವರ ರೂಢಿ.

ಹುಟ್ಟಿದಾಗಿನಿಂದ ಇಂಥ ಆಕಾಶದ ಕೆಳಗೆ ಬಾಳಿದವರು ಅದಕ್ಕೆ ತಕ್ಕ ಹಾಗೆ ಬಾಯಿ ಬಳಸುವುದನ್ನು ಕಲಿತಿದ್ದರು. ಹೊಗಳುವುದಿದ್ದರೆ ಅಂಗಳಕ್ಕೆ ಬಂದು, ತಲೆಯೆತ್ತಿ, ಒಂದೊಂದು ಅಕ್ಷರವನ್ನೂ ತೊಳೆದಿಟ್ಟ ಪಾತ್ರೆಯ ಹಾಗೆ ಇಡುತ್ತಿದ್ದರು. ಬೈಯುವುದಿದ್ದರೆ ಸೂರಿನ ಕೆಳಗೆ. "ಬಾ ಒಳಗೆ" ಎಂದರೆ ಆ ಊರಿನಲ್ಲಿ ಉಪಚಾರದ ಮಾತಲ್ಲ. ಅತ್ತೆ ಸೊಸೆಗೆ "ಸ್ವಲ್ಪ ಒಳಗೆ ಬಾ ತಾಯಿ" ಅಂದಳೆಂದರೆ ಅಕ್ಕಪಕ್ಕದವರು ಕೈಕೆಲಸ ಬಿಟ್ಟು ಗೋಡೆಗೆ ಕಿವಿ ಕೊಡುತ್ತಿದ್ದರು.

ಆದರೆ ಸಿಟ್ಟು ಬರುವಾಗ ಸೂರು ನೋಡಿಕೊಂಡು ಬರುತ್ತದೆಯೆ? ಬರುವುದಿಲ್ಲ. ಅದಕ್ಕೇ ತಗಡು ಮೇಸ್ತ್ರಿಯ ಒಲೆ ಐವತ್ತು ವರ್ಷ ಆರದೆ ಉರಿಯಿತು.

ಮೇಸ್ತ್ರಿಯ ಕಸುಬು ಅಂಗಳಗಳಿಗೆ ತಗಡು ಹೊದಿಸುವುದು. ಮೂವತ್ತು ವರ್ಷದ ಹಿಂದಿನ ಜಗಳ ಬೀಳುವ ಕಾಲ ಹತ್ತಿರ ಬಂತೆಂದು ನೆನಪಾದವರು ಮುಖ ಸಣ್ಣದು ಮಾಡಿಕೊಂಡು ಅವನ ಮನೆಯ ಬಾಗಿಲಿಗೆ ಬರುತ್ತಿದ್ದರು. ಏನು ಜಗಳ, ಯಾರ ಜೊತೆ ಎಂದು ಅವನು ಕೇಳಿದವನಲ್ಲ. "ಯಾವ ವರ್ಷದ್ದು? ಹೆಂಗಸರದೋ, ಗಂಡಸರದೋ?" ಅಷ್ಟೇ. ಗಂಡ ಹೆಂಡಿರ ಜಗಳಕ್ಕೆ ತೆಳು ತಗಡು ಸಾಕು. ಅಣ್ಣತಮ್ಮಂದಿರು ಪಾಲಾದ ದಿನದ್ದಾದರೆ ಎರಡು ಪದರ ಬೇಕು. ಆಮೇಲೆ ಅಂಗಳದ ನಡುವೆ ನಿಂತು, ಒಂದು ಕಣ್ಣು ಮುಚ್ಚಿ, "ವಾಟ ಯಾವ ಕಡೆ ಕೊಡಲಿ?" ಎನ್ನುವನು. ವಾಟವೆಂದರೆ ನೀರು ಹರಿದುಹೋಗಲು ತಗಡಿಗೆ ಕೊಡುವ ಇಳಿಜಾರು. ಸದ್ದೂ ನೀರಿನ ಹಾಗೇ ಎಂದು ಅವನಿಗೆ ಗೊತ್ತಿತ್ತು. ತಗಡಿನ ಕೆಳಗಿನದು ಮೇಲೇರುವುದಿಲ್ಲ, ಮೇಲಿನದು ಕೆಳಗಿಳಿಯುವುದಿಲ್ಲ, ನಿಜ. ಆದರೆ ನಿಂತೂ ಬಿಡುವುದಿಲ್ಲ, ವಾಟ ಇದ್ದ ಕಡೆಗೆ ಜಾರುತ್ತದೆ. ಅವನು ಸಾಮಾನ್ಯವಾಗಿ ವಾಟವನ್ನು ಹಿತ್ತಲಿನ ಚರಂಡಿಗೆ ಕೊಡುತ್ತಿದ್ದ. ಆ ಊರಿನ ಚರಂಡಿಗಳ ಬಾಯಿ ಅಷ್ಟು ಹೊಲಸಾಗಿರುವುದಕ್ಕೆ ಕಾರಣ ಇದೇ.

ಊರಿನ ಅರ್ಧ ಅಂಗಳಗಳ ಬಾಯಿ ಮುಚ್ಚಿಸಿದ ಈ ಮನುಷ್ಯನ ಸ್ವಂತ ಅಂಗಳ ಮಾತ್ರ ಬೋಳು. ಒಂದು ಹಾಳೆ ತಗಡಿಲ್ಲ. ದರ್ಜಿಯ ಅಂಗಿಗೆ ಗುಂಡಿ ಇರುವುದಿಲ್ಲ, ಅದೇ ಜಾತಿಯದು ಎಂದು ಜನ ನಗುತ್ತಿದ್ದರು. ಅವನು ನಗುವವರ ಜೊತೆ ತಾನೂ ನಕ್ಕುಬಿಡುತ್ತಿದ್ದ. ಅರವತ್ತೆಂಟು ವಯಸ್ಸು, ಕಟ್ಟಿಗೆಯಂಥ ಕೈಕಾಲು, ಎಡಗಿವಿ ಪೂರಾ ಮಂದ, ಬಲಗಿವಿ ಮನಸ್ಸು ಬಂದಾಗ ಕೆಲಸ ಮಾಡುವಂಥದ್ದು. ಎಡಗೈ ಹೆಬ್ಬೆರಳಿನ ತುದಿ ಚಪ್ಪಟೆ. ಒಂದು ಚಮಚ ಅಂಟಿಸಿದ ಹಾಗೆ.

ಅಂಗಳ ಬೋಳು ಬಿಟ್ಟದ್ದಕ್ಕೆ ಕಾರಣ ಹೆಂಡತಿ. ಅವಳು ತೀರಿಕೊಂಡು ಮೂವತ್ತಕ್ಕೆ ಇನ್ನೂ ಆರು ತಿಂಗಳು ಕಡಿಮೆ. ಮನೆಯಲ್ಲಿರುವ ಒಂದೇ ಒಂದು ಫೋಟೋದಲ್ಲಿ ಅವಳು ಯಾರ ಮೇಲೋ ದೂರು ಕೊಡಲು ಹೊರಟವಳಂತಿದ್ದಾಳೆ. ಹಾಗಿದ್ದವಳಲ್ಲ. ಮುಖವೇನೋ ಮೇಸ್ತ್ರಿಗೆ ಚೆನ್ನಾಗಿ ನೆನಪಿತ್ತು. ಹೋದದ್ದು ಧ್ವನಿ. ಹೇಗೆ ಕರೆಯುತ್ತಿದ್ದಳು, ಸಿಟ್ಟು ಬಂದಾಗ ಧ್ವನಿ ಏರುತ್ತಿತ್ತೋ ಇಳಿಯುತ್ತಿತ್ತೋ, ಎಷ್ಟು ತಡಕಿದರೂ ಕೈಗೆ ಸಿಗುತ್ತಿರಲಿಲ್ಲ. ಬೇರೆ ಊರಿನಲ್ಲಾಗಿದ್ದರೆ ಅಲ್ಲಿಗೆ ಮುಗಿಯಿತು. ಈ ಊರಿನಲ್ಲಿ ಹಾಗೆ ಕಳೆದುಕೊಂಡವರು ಅಂಗಳದಲ್ಲಿ ಚಾಪೆ ಹಾಸಿ ಕಾಯುತ್ತಾರೆ.

ಅವನೂ ಕಾದ. ಏಳೆಂಟು ವರ್ಷ ಸಂಜೆ ತಪ್ಪದೆ ಕಾದ. ಬಿದ್ದದ್ದೇನು? ಠಣ್, ಠಣ್, ಠಣ್.

ಹಗಲು ಹೊತ್ತು ಗಂಡ ಹೆಂಡತಿ ಇಬ್ಬರೂ ಮನೆಯಲ್ಲಿರುತ್ತಿರಲಿಲ್ಲ. ಅವನು ಯಾರದೋ ಚಾವಣಿಯ ಮೇಲೆ, ಅವಳು ಗುಂಡಿ ಕಾರ್ಖಾನೆಯಲ್ಲಿ. ಮಗು ಪಕ್ಕದ ಮನೆಯಲ್ಲಿ. ಸಂಜೆ ಅವನು ಮೊದಲು ಬಂದು, ಅಂಗಳದ ಮೂಲೆಯ ಕಬ್ಬಿಣದ ಹಲಗೆಯ ಮುಂದೆ ಕೂತು, ನಾಳೆಯ ತಗಡುಗಳ ಅಂಚು ಮಡಚಲು ಶುರು ಮಾಡುತ್ತಿದ್ದ. ಬಾಯಲ್ಲಿ ಎಂಟು ಮೊಳೆ, ಕೈಯಲ್ಲಿ ಸುತ್ತಿಗೆ. ಅವಳು ಬಂದು ಹತ್ತಿರದ ಮೆಟ್ಟಿಲ ಮೇಲೆ ಕೂತು ದಿನದ ಸುದ್ದಿಯನ್ನೆಲ್ಲ ಹೇಳುತ್ತಿದ್ದಳು. ಅವನು ಹೊಡೆಯುತ್ತಿದ್ದ. ಆಕಾಶ ಎರಡನ್ನೂ ತೆಗೆದುಕೊಂಡಿತು, ಎರಡನ್ನೂ ಒಟ್ಟಿಗೇ ಹಿಂದಕ್ಕೆ ಕೊಟ್ಟಿತು. ಸುತ್ತಿಗೆಯ ಮುಂದೆ ಹೆಂಗಸಿನ ಮಾತು ಎಷ್ಟರದು?

ಹೊಡೆತ ಮತ್ತು ಹೊಡೆತದ ನಡುವೆ ಒಂದೊಂದು ಚೂರು ಸಿಗುತ್ತಿತ್ತು. "ಅವಳ ತಮ್ಮ ಇದಾನಲ್ಲ—" ಠಣ್. "—ಆ ಹಸಿರು ಡಬ್ಬಿ—" ಠಣ್, ಠಣ್. ಅಷ್ಟು ಸಣ್ಣ ಚೂರಿನಲ್ಲಿ ಧ್ವನಿ ಯಾರದೆಂದು ಗುರುತು ಸಿಗುವುದೂ ಕಷ್ಟ. ಒಡೆದ ಬಳೆಯ ಚೂರು ನೋಡಿ ಕೈ ಊಹಿಸಿದ ಹಾಗೆ. ಎಲ್ಲಕ್ಕಿಂತ ಹೆಚ್ಚು ಸಲ ಸಿಕ್ಕ ಚೂರು ಒಂದೇ. ಅದನ್ನು ಅವನು ಲೆಕ್ಕ ಇಡುವುದನ್ನೂ ಬಿಟ್ಟಿದ್ದ.

"ಕೇಳ್ತಿದೀರಾ?"

ಠಣ್.

ಮಗಳಿಗೆ ಆ ಸುತ್ತಿಗೆಯನ್ನು ಕಂಡರೆ ಆಗದು. ತಾಯಿ ಹೋದಾಗ ಅವಳಿಗೆ ಇನ್ನೂ ಐದು ತುಂಬಿರಲಿಲ್ಲ, ಈಗ ಮೂವತ್ತನಾಲ್ಕು. ದರ್ಜಿ ಕೆಲಸದಲ್ಲಿ ಕೈ ಪಳಗಿದವಳು, ನಾಲಿಗೆಯೂ ಕತ್ತರಿಯಷ್ಟೇ ಚುರುಕು. "ಎಲ್ಲರ ಅಂಗಳದಲ್ಲೂ ಅಮ್ಮಂದಿರು ಬೀಳ್ತಾರೆ. ನಮ್ಮ ಅಂಗಳದಲ್ಲಿ ಕಮ್ಮಾರಸಾಲೆ ಬೀಳುತ್ತೆ" ಎಂದು ಕಿಟಕಿ ಹಾಕಿಕೊಳ್ಳುತ್ತಿದ್ದಳು. ತಾಯಿಯ ಧ್ವನಿ ಹೇಗಿತ್ತೆಂದು ಅವಳಿಗೆ ಗೊತ್ತೇ ಇಲ್ಲ. ಅದನ್ನು ಅವಳು ದೂರಿನ ಹಾಗೆ ಹೇಳುತ್ತಿರಲಿಲ್ಲ, ಇನ್ನೊಬ್ಬರ ಮನೆಯ ಸಮಾಚಾರದ ಹಾಗೆ ಹೇಳುತ್ತಿದ್ದಳು. ಮೇಸ್ತ್ರಿಗೆ ಕುಟುಕುತ್ತಿದ್ದದ್ದು ಅದೇ.

ಆ ವರ್ಷ ಅವಳು ಶಾಲೆಯ ಸಮವಸ್ತ್ರ ಹೊಲಿಯುವ ಕೆಲಸ ಹಿಡಿದಳು. ನಾಲ್ಕು ಹೊಸ ಹೊಲಿಗೆ ಯಂತ್ರಗಳು ತಿಂಗಳ ಕೊನೆಗೆ ಬರಲಿದ್ದವು.

"ಅಪ್ಪಾ, ಯಂತ್ರ ಇಡೋಕೆ ಒಳಗೆ ಜಾಗ ಇಲ್ಲ. ಅಂಗಳಕ್ಕೆ ತಗಡು ಹಾಕಿಕೊಡು."

"ಹಾಕೋಣ."

"ಯಾವಾಗ?"

"ಒಳ್ಳೆ ತಗಡು ಬರಲಿ."

"ಊರಿಗೆಲ್ಲ ಕೆಟ್ಟ ತಗಡು ಹಾಕ್ತಿದ್ದೆಯಾ ಹಾಗಾದ್ರೆ?"

ಒಂದು ವಾರ ತಗಡು ಸರಿಯಿಲ್ಲ, ಇನ್ನೊಂದು ವಾರ ಮೊಳೆ ಸರಿಯಿಲ್ಲ, ಮೂರನೆಯ ವಾರ ಅವನ ಸೊಂಟ ಸರಿಯಿಲ್ಲ. ಕೊನೆಗೆ ಮಗಳು ಅಳತೆ ಪಟ್ಟಿಯನ್ನು ಕುತ್ತಿಗೆಗೆ ಹಾಕಿಕೊಂಡು ಅವನ ಎದುರು ನಿಂತಳು. "ನಿಜ ಹೇಳು. ಏನಕ್ಕೆ ಕಾಯ್ತಿದೀಯ?"

ಮೇಸ್ತ್ರಿ ಚಪ್ಪಟೆ ಹೆಬ್ಬೆರಳು ಎತ್ತಿ ತೋರಿಸಿದ. "ಇದಕ್ಕೆ."

ಸಂಗತಿ ಹೀಗಿತ್ತು. ಮೂವತ್ತು ವರ್ಷದ ಹಿಂದೆ, ಇದೇ ಮಳೆಗಾಲಕ್ಕೆ ಮೊದಲು, ಸುತ್ತಿಗೆ ತಗಡಿನ ಬದಲು ಹೆಬ್ಬೆರಳಿಗೆ ಬಿದ್ದು ಮೂಳೆ ಪುಡಿಯಾಗಿತ್ತು. ಮೂರು ವಾರ ಸುತ್ತಿಗೆ ಮುಟ್ಟಿರಲಿಲ್ಲ. ಮದುವೆಯಾದ ಮೇಲೆ ಅವನು ಕೈಕಟ್ಟಿ ಕೂತ ಮೂರು ವಾರ ಅವು ಮಾತ್ರ. ಹೆಂಡತಿ ಅದೇ ವರ್ಷದ ಕೊನೆಗೆ ಜ್ವರದಲ್ಲಿ ಹೋದಳು.

"ಮೂರು ವಾರ, ಮಗಾ. ಠಣ್ ಇಲ್ಲ, ಏನಿಲ್ಲ. ಸಂಜೆಯೆಲ್ಲ ಇಲ್ಲೇ ಕೂತು ಮಾತಾಡಿದಾಳೆ. ಪೂರ್ತಿ ಮಾತು. ಅದು ಬೀಳೋ ಕಾಲ ಬಂದಿದೆ. ಅದೊಂದು ಬಿದ್ದುಹೋಗಲಿ, ಆಮೇಲೆ ನೀನು ಹೇಳಿದ ಹಾಗೆ ತಗಡು, ಹೇಳಿದ ಕಡೆ ವಾಟ."

ಮಗಳು ಪಟ್ಟಿಯನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು. "ಶುರುವಾಯ್ತು ಅಂತ ಹೇಗೆ ಗೊತ್ತಾಗುತ್ತೆ?"

"ಅದಕ್ಕೇನು ಚಿಂತೆ ಬೇಡ. ಮೊದಲು ನಾನು ಕೂಗ್ತೀನಿ."

ಈ ಮಾತು ಮನೆಯಿಂದ ಹೊರಗೆ ಹೇಗೆ ಹೋಯಿತೋ, ಬೀದಿಗೆಲ್ಲ ಹಬ್ಬಿತು. ಮೇಸ್ತ್ರಿಯ ಕೂಗು ಬೀಳಲಿದೆಯಂತೆ! ಊರಿನವರ ಬಾಯಿ ಮುಚ್ಚಿಸಿದವನ ಬಾಯಿ ಕೇಳುವ ಭಾಗ್ಯವನ್ನು ಬಿಡುವವರುಂಟೆ? ಸಂಜೆಯಾದರೆ ಸಾಕು, ಏನೋ ಕೆಲಸವಿದ್ದವರ ಹಾಗೆ ನಾಲ್ಕಾರು ಜನ ಅವನ ಮನೆಯ ಮುಂದೆ ಸುಳಿದಾಡುತ್ತಿದ್ದರು. ಎದುರು ಬದಿಯ ಬೀಗ ರಿಪೇರಿಯವನಂತೂ ಸ್ಟೂಲನ್ನೇ ಬಾಗಿಲಿಗೆ ತಂದಿಟ್ಟುಕೊಂಡ. "ಇವತ್ತೂ ಇಲ್ವಾ ಮೇಸ್ತ್ರಿ?" "ಇವತ್ತೂ ಇಲ್ಲ." "ಛೇ."

ಒಂದು ಬುಧವಾರ ಬಿತ್ತು. ಠಣ್, ಠಣ್, ಠಣ್ ಎನ್ನುತ್ತಿದ್ದದ್ದು ಒಮ್ಮೆಲೇ ಮೆತ್ತಗೆ ಥಪ್ ಎಂದಿತು. ಒಂದು ಕ್ಷಣ ಆಕಾಶವೂ ಉಸಿರು ಹಿಡಿದಂತಿತ್ತು. ಆಮೇಲೆ "ಅಯ್ಯಯ್ಯಯ್ಯೋ ಸತ್ನಲ್ಲಪ್ಪೋ!" ಎಂದು ಶುರುವಾದದ್ದು, ಸುತ್ತಿಗೆ ಮಾಡಿದವನು, ಅವನ ತಂದೆ, ತಗಡು ಕಂಡುಹಿಡಿದವನು, ಅವನ ವಂಶ ಎಂದು ಕ್ರಮವಾಗಿ ಮುಂದುವರಿಯಿತು. ಬೀಗದವನು ಸ್ಟೂಲಿನ ಮೇಲೆ ಹೊಟ್ಟೆ ಹಿಡಿದುಕೊಂಡು ಬಾಗಿದ್ದ. ಮಗಳು ಮೊದಲು ಕಿವಿ ಮುಚ್ಚಿಕೊಂಡಳು, ಆಮೇಲೆ ಬಾಯಿ ಮುಚ್ಚಿಕೊಂಡಳು, ಕೊನೆಗೆ ತಡೆಯಲಾರದೆ ನಕ್ಕಳು. ಬೈಗುಳದ ನಡುವೆ ಯಾರೋ ಓಡಿ ಬಂದ ಹೆಜ್ಜೆ, ಬೈಗುಳದಡಿ ಮುಳುಗಿಹೋದ ಏನೋ ಒಂದು ಮಾತು, ತಗಡುಗಳನ್ನು ಎಳೆದಾಡಿದ ಗಲಾಟೆ, ಧಡ್, ಬಡ್. ಆಮೇಲೆ ನಿಶ್ಶಬ್ದ.

"ಆಯ್ತು. ಇನ್ನು ನಾಳೆಯಿಂದ ಅವಳು" ಎಂದ ಮೇಸ್ತ್ರಿ.

ಗುರುವಾರ ಇಬ್ಬರೂ ಚಾಪೆ ಹಾಸಿ ಕೂತರು. ಮಗಳು ಹೊಲಿಗೆ ನಿಲ್ಲಿಸಿದಳು. ಬೀದಿಯವರೂ ಈ ಸಲ ಮರ್ಯಾದೆಯಿಂದ ದೂರ ಉಳಿದರು. ಏನೂ ಬೀಳಲಿಲ್ಲ. ಶುಕ್ರವಾರವೂ ಇಲ್ಲ. ಆಕಾಶ ತೊಳೆದು ಬೋರಲು ಹಾಕಿದ ಬೋಗುಣಿಯ ಹಾಗೆ ಖಾಲಿ. ಸುತ್ತಿಗೆಯೂ ಇಲ್ಲ, ಹೆಂಡತಿಯೂ ಇಲ್ಲ. ಎಂದೂ ಯಾರ ಮಾತನ್ನೂ ನುಂಗದ ಆಕಾಶ ತನ್ನೊಬ್ಬನಿಗೇ ಮೋಸ ಮಾಡಿತೇ? ಶನಿವಾರ ಅವನು ಚಾಪೆ ಹಾಸಲಿಲ್ಲ. ಗೋಡೆಗೆ ಒರಗಿಸಿದ್ದ ಹೊಸ ತಗಡುಗಳನ್ನು ಒಂದೊಂದಾಗಿ ನೆಲಕ್ಕೆ ಹಾಕಿ ಅಳೆಯತೊಡಗಿದ.

"ನಾಳೆ ಹಾಕಿಬಿಡ್ತೀನಿ ಮಗಾ. ಯಂತ್ರ ತರಿಸಿಕೋ."

"ಇರಲಿ ಬಿಡಪ್ಪಾ, ಇನ್ನೆರಡು ದಿನ ನೋಡೋಣ."

"ಏನು ನೋಡೋದು? ಮೂರು ವಾರ ಅವಳು ನನ್ನ ಹತ್ರ ಮಾತೇ ಆಡಿಲ್ಲವೋ ಏನೋ. ಆಡೋಕೆ ನಾನೇನು ಅಂಥ ಗಂಡ?"

ಮಗಳು ಮಾತು ಬದಲಿಸಿದಳು. "ಪಕ್ಕದ ಮನೆಯವರಿಗೆ ಮಾತ್ರ ಸಂಭ್ರಮ. ಬಣ್ಣದತ್ತೆ ಯಾರನ್ನೋ ಹೊಸದಾಗಿ ಕೆಲಸಕ್ಕೆ ಇಟ್ಟುಕೊಂಡಿರಬೇಕು. ಎರಡು ದಿನದಿಂದ ಸಂಜೆ ಯಾವಳೋ ಒಬ್ಬಳು ಒಂದೇ ಸಮ ಮಾತು, ಒಂದೇ ಸಮ ನಗು. ಗೋಡೆ ತೂರಿ ಬರುತ್ತೆ."

ಮೇಸ್ತ್ರಿ ಅಳತೆ ಬಿಟ್ಟು ತಲೆಯೆತ್ತಿದ. "ನನಗೆ ಕೇಳಲಿಲ್ವಲ್ಲ?"

"ನಿನಗೆ ಕೇಳೋದು ಯಾವುದು?"

"ಹೇಗೆ ನಗ್ತಾಳೆ?"

"ಹೇಗೆ ಅಂದ್ರೆ… ಮೊದಲು ಮೂಗಲ್ಲೇ ಎರಡು ಸಲ. ತಡೆದುಕೊಂಡ ಹಾಗೆ. ಆಮೇಲೆ ಕುದಿಯೋ ಪಾತ್ರೆ ಮುಚ್ಚಳ ಹಾರಿದ ಹಾಗೆ ಒಂದೇ ಸಲ—"

ಅವನು ಕೂತಲ್ಲೇ ಇದ್ದ. ಕೈಯಲ್ಲಿದ್ದ ಅಳತೆಕೋಲು ಮಾತ್ರ ತಗಡಿನ ಮೇಲೆ ಬಿದ್ದು ಸದ್ದು ಮಾಡಿತು. ತಗಡಿಗೆ ಕೋಲು ಬಿದ್ದ ಆ ಸದ್ದಿಗೇ ಎಲ್ಲ ನೆನಪಾಯಿತು. ಧಡ್, ಬಡ್. ಎಳೆದಾಡಿದ ತಗಡು. ತಾನು ಬೈಯುತ್ತಿದ್ದಾಗ ಹೆಂಡತಿ ಓಡಿ ಬಂದು, ಜೊತೆ ಕೆಲಸದವನನ್ನು ಕೂಗಿ, ಎರಡು ಹಾಳೆ ತಗಡನ್ನು ಅಂಗಳದ ಮೇಲೆ ಹೊದಿಸಿದ್ದಳು! 'ಮೂವತ್ತು ವರ್ಷ ಆದ ಮೇಲೆ ಮಗಳು ಈ ಬೈಗುಳ ಕೇಳಬೇಕಾ? ಗಾಯ ಮಾಗೋ ತನಕ ಈ ಮನುಷ್ಯನ ಬಾಯಿ ನಿಲ್ಲಲ್ಲ, ಅಂಗಳನಾದ್ರೂ ಮುಚ್ಚು.' ನೋವಿನ ಅಮಲಿನಲ್ಲಿ ಮಲಗಿದ್ದವನಿಗೆ ಆ ತಗಡು ಹೊದಿಸಿದ್ದು ಗಾಯವಾದ ದಿನವೇ ಎಂಬುದು ಮರೆತುಹೋಗಿತ್ತು. ಊರಿಗೆಲ್ಲ ಬುದ್ಧಿ ಹೇಳಿದ ತಗಡು ಮೇಸ್ತ್ರಿ ತನ್ನ ಮನೆಯ ತಗಡನ್ನೇ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ.

"ವಾಟ" ಎಂದ ಅವನು, ಕಣ್ಣು ಅರ್ಧ ಮುಚ್ಚಿ. "ಮನೆ ಕಡೆ ಎತ್ತರ. ಈ ಗೋಡೆ ಆಗ ಎದೆಮಟ್ಟ. ಅಂಚು ಗೋಡೆ ದಾಟಿ ಒಂದು ಗೇಣು ಆಚೆ…"

ಗೋಡೆಯ ಆಚೆ ಬಣ್ಣದತ್ತೆಯ ಅಂಗಳ. ತಗಡಿನಡಿ ಆಡಿದ್ದೆಲ್ಲ ಅಲ್ಲಿಗೆ ಜಾರಿ, ಅಲ್ಲಿಂದಲೇ ಮೇಲೇರಿತ್ತು.

ಬಣ್ಣದತ್ತೆ ಬಟ್ಟೆಗೆ ಬಣ್ಣ ಹಾಕುವವಳು. ಎಪ್ಪತ್ತೈದರ ಮುದುಕಿ, ಮೊಣಕೈವರೆಗೆ ಎಂದೂ ಹೋಗದ ನೀಲಿ. ಮಗಳು ಮಗುವಾಗಿದ್ದಾಗ ಹಗಲೆಲ್ಲ ಅವಳ ಸೊಂಟದ ಮೇಲೇ ಬೆಳೆದದ್ದು. ಬಳಿಕ ಆ ತಗಡಿನಿಂದಲೇ ಜಗಳ ಬಂತು. ಅಕಾಲದಲ್ಲಿ ಒಂದು ಮಳೆ ಸುರಿದು, ವಾಟದ ನೀರೆಲ್ಲ ಅವಳ ಅಂಗಳದಲ್ಲಿ ಒಣಗಲು ಹಾಕಿದ್ದ ಕೆಂಪು ಬಟ್ಟೆಗಳ ಮೇಲೆ ಇಳಿದು, ಕೆಂಪು ನೀಲಿಗೆ ಹತ್ತಿ, ನೀಲಿ ಹಳದಿಗೆ ಹತ್ತಿ, ಇಪ್ಪತ್ತು ಗಜ ಬಟ್ಟೆ ಹಾಳಾಗಿತ್ತು. ಮೇಸ್ತ್ರಿ ಕ್ಷಮೆ ಕೇಳುವ ಬದಲು ವಾದ ಮಾಡಿದ. ಹೆಂಡತಿ ತೀರಿಕೊಂಡ ಮೇಲೆ ಗೋಡೆಯನ್ನು ಆಳೆತ್ತರ ಏರಿಸಿದ. ಅಂದಿನಿಂದ ಎರಡು ಮನೆಗೂ ಮಾತಿಲ್ಲ.

ಮೂವತ್ತು ವರ್ಷದ ಹಟವನ್ನು ಎರಡು ದಿನದ ನಗು ಕೆಡವಿತು ಎಂದರೆ ಚೆನ್ನಾಗಿ ಕೇಳಿಸುತ್ತದೆ. ನಿಜವಾಗಿ ಅವನು ಅವಳ ಬಾಗಿಲವರೆಗೆ ಮೂರು ಸಲ ಹೋಗಿ ಮೂರು ಸಲ ಹಿಂದಿರುಗಿದ. ನಾಲ್ಕನೆಯ ಸಲ ಮಗಳು ರಟ್ಟೆ ಹಿಡಿದುಕೊಂಡು ಹೋದಳು.

ಬಣ್ಣದತ್ತೆ ಬಾಗಿಲು ತೆರೆದು, ಅವನನ್ನು ಮೇಲಿಂದ ಕೆಳಗೆ ನೋಡಿದಳು.

"ಆವತ್ತು ನೀರು ಬಿಟ್ಟೆ. ಈಗ ಮಾತು ಬಿಟ್ಟಿದೀಯ. ನಿನ್ನ ಮನೇದೆಲ್ಲ ನನ್ನ ಅಂಗಳಕ್ಕೇ ಬರಬೇಕಾ ಮೇಸ್ತ್ರಿ?"

"ಅಕ್ಕಾ…"

"ಅಕ್ಕ ಅಂತೆ. ಈಗ ನೆನಪಾಯ್ತು ಅಕ್ಕ."

"ಅವಳು ಇದಾಳಾ ಅಕ್ಕಾ?" ಒಳಗೆ ಯಾರೋ ನೆಂಟರು ಬಂದಿದ್ದಾರಾ ಎಂದು ಕೇಳುವ ಹಾಗೆ ಕೇಳಿದ.

ಮುದುಕಿಯ ಮುಖ ಸಡಿಲಾಯಿತು. "ಇದಾಳೆ. ಎರಡು ದಿನದಿಂದ ಒಬ್ಬಳೇ ಕೂತು ಕೇಳ್ತಿದೀನಿ. ಗೋಡೆ ಹತ್ರ ಬಂದೆ ನಿನ್ನ ಕರೆಯೋಣ ಅಂತ. ಗೋಡೆ ಎತ್ತರ ನೋಡಿ ಸಿಟ್ಟು ಬಂತು, ವಾಪಸ್ ಹೋದೆ." ಆಮೇಲೆ ಮಗಳ ಕಡೆ ತಿರುಗಿ, ಅವಳ ಗಲ್ಲಕ್ಕೆ ನೀಲಿ ಕೈ ಹಚ್ಚಿದಳು. "ನೀನು ಬಾ ಕೂಸೇ. ಈ ಬಾಗಿಲಿಗೆ ನಿನ್ನ ಮೇಲೇನೂ ಸಿಟ್ಟಿಲ್ಲ."

ಅಂಗಳದಲ್ಲಿ ಹಗ್ಗದ ತುಂಬ ಒದ್ದೆ ಬಟ್ಟೆ. ಗೋಡೆಯ ಬುಡದಲ್ಲಿ ಒಗೆಯುವ ಕಲ್ಲು. ಮೂವರೂ ಅದರ ಮೇಲೆ ಸಾಲಾಗಿ ಕೂತರು. ಬಟ್ಟೆಗಳಿಂದ ತೊಟ್ಟಿಕ್ಕುವ ನೀರಿನ ಸದ್ದು ಬಿಟ್ಟರೆ ಏನೂ ಇಲ್ಲ. ಬಿಸಿಲು ಗೋಡೆ ಏರಿತು. ಆಗ ತಲೆಯ ಮೇಲಿಂದ, ಒಬ್ಬಾಕೆ ಪಕ್ಕದಲ್ಲೇ ನಿಂತು ಬಗ್ಗಿ ಹೇಳಿದಷ್ಟು ಹತ್ತಿರದಿಂದ:

"ಏಯ್ ಪುಟ್ಟೀ! ಅಪ್ಪನ ಹೆಬ್ಬೆರಳು ಮುಟ್ಟಬೇಡ. ಈ ಮನೇಲಿ ಈಗ ಅದೇ ಯಜಮಾನ. ಮೊದಲು ಅದಕ್ಕೆ ಊಟ, ಆಮೇಲೆ ನಮಗೆ."

"ನಾನು ತಿನ್ನಿಸ್ಲಾ?" ಎಂದು ಒಂದು ಎಳೆಯ ಧ್ವನಿ.

ಮೂಗಿನಲ್ಲಿ ಎರಡು ಸಲ. ಆಮೇಲೆ ಮುಚ್ಚಳ ಹಾರಿತು.

ಮಗಳು ಕಲ್ಲಿನ ಅಂಚನ್ನು ಎರಡೂ ಕೈಯಲ್ಲಿ ಹಿಡಿದು ಕೂತಿದ್ದಳು. ಅವಳು ಊಹಿಸಿಕೊಂಡಿದ್ದ ತಾಯಿಯ ಧ್ವನಿ ತೆಳ್ಳಗೆ, ಮೆತ್ತಗೆ, ಫೋಟೋದ ಹಾಗೆ ಗಂಭೀರ. ಇದು ಗಡಸು ಧ್ವನಿ, ಸ್ವಲ್ಪ ಗೊಗ್ಗರು. ಥೇಟು ಗಿರಾಕಿಗಳ ಜೊತೆ ಚೌಕಾಸಿ ಮಾಡುವಾಗಿನ ಅವಳದೇ ಧ್ವನಿ.

ಅಂದಿನಿಂದ ಸಂಜೆಯಾದರೆ ಆ ಕಲ್ಲೇ ಅವರ ಮನೆ. ಹೆಂಡತಿ ಕಾರ್ಖಾನೆಯ ಮೇಲ್ವಿಚಾರಕನನ್ನು ಅಣಕಿಸಿದಳು. ಬಣ್ಣದತ್ತೆ ಕಣ್ಣೊರೆಸಿಕೊಂಡು ನಕ್ಕಳು. ಹೆಂಡತಿ ಮಗುವಿಗೆ ಗುಂಡಿ ಎಣಿಸಲು ಕಲಿಸಿದಳು. ಹನ್ನೆರಡರ ನಂತರ ಮಗು ತಪ್ಪದೆ ಹದಿನಾಲ್ಕಕ್ಕೆ ಹಾರುತ್ತಿತ್ತು. "ಈಗಲೂ ಅಂಗಿ ಎಣಿಸುವಾಗ ಅಲ್ಲೇ ತಪ್ಪೋದು" ಎಂದಳು ಮಗಳು. ಹೊಸ ಯಂತ್ರಗಳನ್ನು ತಂದವನನ್ನು, "ಇನ್ನೊಂದು ವಾರ ಬಿಟ್ಟು ಬಾ, ಅಮ್ಮ ಮಾತಾಡ್ತಿದಾರೆ" ಎಂದು ಬಾಗಿಲಿನಿಂದಲೇ ಕಳಿಸಿದಳು. ಆ ಊರಿನಲ್ಲಿ ಅಂಥ ಕಾರಣಕ್ಕೆ ಯಾರೂ ಎದುರಾಡುವುದಿಲ್ಲ.

ಎಂಟನೆಯದೋ ಒಂಬತ್ತನೆಯದೋ ಸಂಜೆ ಹೆಂಡತಿಯ ಧ್ವನಿ ಎಂದಿಗಿಂತ ತಗ್ಗಿತ್ತು.

"ಸುತ್ತಿಗೆ ಸದ್ದಿಲ್ದೆ ಸಂಜೆ ಆದ ಹಾಗೇ ಅನ್ಸಲ್ಲ ಕಣ್ರೀ. ಕಾರ್ಖಾನೆಯಿಂದ ಬರ್ತಾ ಬೀದಿ ತಿರುವಲ್ಲಿ ಠಣ್ ಠಣ್ ಕೇಳಿದ್ರೆ ಜೀವ ಬರುತ್ತೆ. ಇವತ್ತೂ ಯಾರ ಚಾವಣಿಯಿಂದಾನೂ ಬಿದ್ದಿಲ್ಲ, ಮನೆಗೆ ಬಂದಿದಾರೆ ಅಂತ."

"ಹೂಂ" ಎಂದಿತು ಮೂವತ್ತು ವರ್ಷ ಚಿಕ್ಕವನಾದ ಮೇಸ್ತ್ರಿಯ ಧ್ವನಿ.

"ಮತ್ತೆ ಇನ್ನೊಂದು. ನಾನು ದಿನಾ ನೀವು ಹೊಡೆಯೋವಾಗಲೇ ಬಂದು ಮಾತಾಡ್ತೀನಲ್ಲ, ಯಾಕೆ ಗೊತ್ತಾ? ಆ ಸದ್ದಲ್ಲಿ ಆಡಿದ್ದು ಮೇಲಕ್ಕೆ ಹೋಗಲ್ಲ. ಆಕಾಶಕ್ಕೂ ಸಿಗಬಾರದು, ಬೀದಿಗೂ ಸಿಗಬಾರದು. ನಿಮಗೊಬ್ಬರಿಗೆ. ಕೇಳ್ತಿದೀರಾ?"

"ಆಂ? ಏನಂದೆ?"

ಕಲ್ಲಿನ ಮೇಲಿದ್ದ ಮುದುಕ ತಟಕ್ಕನೆ, ಗಟ್ಟಿಯಾಗಿ, "ಕೇಳ್ತಿದೀನಿ ಕಣೇ" ಎಂದುಬಿಟ್ಟ.

ಹಗ್ಗದ ಬಟ್ಟೆ ತೊಟ್ಟಿಕ್ಕುತ್ತಿತ್ತು. ಕೊನೆಗೆ ಬಣ್ಣದತ್ತೆಯೇ, "ಪರವಾಗಿಲ್ಲ. ಹೆಂಡತಿ ಕೇಳಿದ್ದಕ್ಕೆ ಮೂವತ್ತೇ ವರ್ಷಕ್ಕೆ ಉತ್ತರ ಕೊಟ್ಟೆ. ನಮ್ಮ ಮನೆಯೋರು ಉತ್ತರ ಕೊಡದೇನೇ ಹೋದ್ರು" ಎಂದಳು. ಮೇಸ್ತ್ರಿ ಅಳುತ್ತಲೇ ನಕ್ಕ.

ಮೂರು ವಾರ ತುಂಬಿದ ದಿನ ಜಗಳ ಬಿತ್ತು. ಅದು ಬೀಳುತ್ತದೆಂದು ಮೇಸ್ತ್ರಿ, ಬಣ್ಣದತ್ತೆ ಇಬ್ಬರಿಗೂ ಗೊತ್ತಿತ್ತು. ಇಬ್ಬರೂ ಬೆಳಗಿನಿಂದ ಮುಖ ತಪ್ಪಿಸಿಕೊಂಡು ಓಡಾಡಿ, ಸಂಜೆಗೆ ಬಂದು ಕಲ್ಲಿನ ಎರಡು ತುದಿಗೆ ಕೂತಿದ್ದರು. ಮೊದಲು ತಗಡಿನಂಚಿನಿಂದ ನೀರು ಸುರಿದ ಸದ್ದು. ಆಮೇಲೆ ಬಣ್ಣದತ್ತೆಯ ನಲವತ್ತೈದರ ಗಂಟಲು:

"ಕಣ್ಣು ಕಾಣಲ್ವಾ ನಿನಗೆ? ವಾಟ ಕೊಡೋಕೆ ನನ್ನ ಬಟ್ಟೆನೇ ಸಿಕ್ತಾ?"

"ನೀರಿಗೆ ನಾನು ದಾರಿ ಹೇಳಿಕೊಟ್ಟು ಕಳಿಸಿದ್ನಾ? ಮಳೆಯನ್ನ ಕೇಳಿ!"

"ಮಳೆಗೆ ಮೇಸ್ತ್ರಿ ಅಂತ ಹೆಸರಿಲ್ಲ!"

"ಚೆನ್ನಾಗಿ ಹೇಳಿದೀರಕ್ಕಾ" ಎಂದ ಮುದುಕ ಮೇಸ್ತ್ರಿ ಮೆಲ್ಲಗೆ.

"ಗಂಟಲು ಹೇಗಿತ್ತು ನೋಡು ಆಗ" ಎಂದಳು ಮುದುಕಿ, ಸ್ವಲ್ಪ ಹೆಮ್ಮೆಯಿಂದ. "ಆದರೂ ನೀನು 'ನಿಮ್ಮ ಬಟ್ಟೆ ಹಾಳು ಮಾಡಿದ್ದು ನಾನೇ' ಅಂತ ಒಂದು ಮಾತು ಹೇಳಿದ್ರೆ ಅವತ್ತೇ ಮುಗೀತಿತ್ತು."

"ನಿಮ್ಮ ಬಟ್ಟೆ ಹಾಳು ಮಾಡಿದ್ದು ನಾನೇ ಅಕ್ಕಾ."

"ಜೋರಾಗಿ ಹೇಳು. ಮೇಲಕ್ಕೆ ಹೋಗಲಿ. ಮೂವತ್ತು ವರ್ಷಕ್ಕೆ ಈ ಕೂಸಾದ್ರೂ ಕೇಳಲಿ."

ಅವನು ಎದ್ದು ನಿಂತು, ತಲೆಯೆತ್ತಿ, ಜೋರಾಗಿ ಹೇಳಿದ.

ಮರುದಿನ ತಗಡು ತೆಗೆದ ಸದ್ದು. ಅದರ ಮರುದಿನ ಸಂಜೆ ಸ್ವಂತ ಅಂಗಳದಲ್ಲಿ ಮತ್ತೆ ಠಣ್, ಠಣ್. ಮೇಸ್ತ್ರಿ ಅಭ್ಯಾಸದಂತೆ ಮಗಳ ಕಿಟಕಿಯ ಕಡೆ ನೋಡಿದ. ಅವಳು ಕಿಟಕಿ ಹಾಕಿಕೊಳ್ಳಲಿಲ್ಲ. ಹೊಲಿಗೆ ನಿಲ್ಲಿಸಿ ಹೊರಬಂದು, ಕಬ್ಬಿಣದ ಹಲಗೆಯಿದ್ದ ಮೂಲೆಯ ಪಕ್ಕ, ತಾಯಿ ಕೂರುತ್ತಿದ್ದ ಮೆಟ್ಟಿಲ ಮೇಲೆ ಕೂತಳು.

"ಅಪ್ಪಾ, ತಗಡು ಹಾಕು. ಯಂತ್ರ ನಾಳಿದ್ದು ಬರುತ್ತೆ. ಆದರೆ ಈ ಮೂಲೆ ಬಿಡು."

"ಇಲ್ಲಿ ಬೀಳೋದು ಬರೀ ಸುತ್ತಿಗೆ ಕಣಮ್ಮ. ನೀನೇ ಅಂತಿದ್ದೆಯಲ್ಲ, ಕಮ್ಮಾರಸಾಲೆ ಅಂತ."

"ಇನ್ನು ಆರು ತಿಂಗಳು ಇದೆ ತಾನೆ ಅಮ್ಮಂದು? ಸುತ್ತಿಗೆ ಜೊತೆಗೇ ಬರಲಿ. ಅವಳಿಗೆ ಬೇಕಾದದ್ದೂ ಅದೇ."

ಭಾನುವಾರ ಬೆಳಿಗ್ಗೆ ಮೇಸ್ತ್ರಿ ಸ್ವಂತ ಅಂಗಳದ ಮೇಲೆ ಏಣಿ ಇಟ್ಟ. ಒಂದು ಮೂಲೆಯಲ್ಲಿ ಎರಡು ಮೊಳ ಆಕಾಶ ಬಿಟ್ಟು, ಉಳಿದದ್ದಕ್ಕೆ ತಗಡು. ವಾಟ ಬೀದಿಯ ಕಡೆ. ಗೋಡೆಯ ಮೇಲಿನ ನಾಲ್ಕು ವರಸೆ ಇಟ್ಟಿಗೆ ಹಿಂದಿನ ದಿನವೇ ಇಳಿದಿತ್ತು. ಆಚೆಯಿಂದ ಬಣ್ಣದತ್ತೆ, ಎಲ್ಲಿ ಮೊಳೆ ಹೊಡೆ, ಎಲ್ಲಿ ಬೇಡ ಎಂದು, ಹುಟ್ಟಿದಾಗಿನಿಂದ ಅದೇ ಕಸುಬು ಮಾಡಿದವಳ ಹಾಗೆ ಹೇಳುತ್ತಿದ್ದಳು. ಮೇಸ್ತ್ರಿಯ ಬಾಯಲ್ಲಿ ಎಂಟು ಮೊಳೆ. ಠಣ್, ಠಣ್.

ಕೆಳಗಿನಿಂದ ಮಗಳು ಏನೋ ಅಂದಳು.

ಅವನು ಸುತ್ತಿಗೆಯನ್ನು ತಗಡಿನ ಮೇಲೆ ಮೆಲ್ಲಗೆ ಮಲಗಿಸಿದ. ಬಾಯಿಂದ ಮೊಳೆಗಳನ್ನು ಒಂದೊಂದಾಗಿ ತೆಗೆದು ಜೇಬಿಗೆ ಹಾಕಿಕೊಂಡ. ಬಲಗಿವಿಯನ್ನು ಅವಳ ಕಡೆಗೆ ತಿರುಗಿಸಿ, ಏಣಿಯ ಮೇಲಿಂದ ಬಗ್ಗಿದ.

"ಹೇಳು ಮಗಾ."

"ಏನಿಲ್ಲ. ಚಹಾ ಆರ್ತಿದೆ ಅಂದೆ."

"ಇನ್ನೊಂದು ಸಲ ಹೇಳು" ಎಂದ ಮೇಸ್ತ್ರಿ. "ಆ ಮೂಲೆಗೆ ಹೋಗಿ ಹೇಳು."